ಮದುವೆಯ ದೇಗು ಮತ್ತು ಕಂಪ್ಯೂಟರಿನ ಡಿಎಲ್‌ಎಲ್





ನಿಪ್ಪಾಣಿಯಲ್ಲಿರುವ ನನ್ನ ನಾದಿನಿಯ ಮಗಳು ಮನೆಯಲ್ಲೇ ಕುಳಿತು ಮದುವೆಯ ಆಮಂತ್ರಣ ಪತ್ರಗಳನ್ನು ಕಂಪ್ಯೂಟರಿನಲ್ಲಿ ಸಿದ್ಧಪಡಿಸಿ ಕೊಡುತ್ತಾಳೆ. ಗಡಿಭಾಗದ ಊರಲ್ಲವೇ? ಚಿಕ್ಕೋಡಿ, ರಾಯಬಾಗ, ಅಥಣಿ, ಕಾಗವಾಡದ ಬೀಗರಿಗೆಲ್ಲ ಹಂಚುವ ಕಾರ್ಡಿನಲ್ಲಿ ಕನ್ನಡ, ಉರ್ದು, ಮರಾಠಿ ಮೂರೂ ಬೇಕು. ಅವಳ ತಾಯಿ ಹೊಲಿಗೆಯಿಂದ ಉಳಿಸಿದ ಹಣದಲ್ಲಿ ಕೊಂಡ ಕಂಪ್ಯೂಟರ್ ಅದು.

ಒಂದು ದಿನ ಹೊಸ ತಂತ್ರಾಂಶವೊಂದನ್ನು ತೆರೆಯಲು ಹೋದಾಗ 'ಎಂಎಸ್‌ವಿಸಿಪಿ140.ಡಿಎಲ್‌ಎಲ್ ಸಿಗುತ್ತಿಲ್ಲ' ಎಂಬ ಸಂದೇಶ ಬಂತು. ಹುಡುಗಿ ಆ ಹೆಸರನ್ನೇ ಅಂತರ್ಜಾಲದಲ್ಲಿ ಹುಡುಕಿದಳು. ಯಾವುದೋ ಅಪರಿಚಿತ ತಾಣದಿಂದ ಫೈಲನ್ನು ಇಳಿಸಿಕೊಂಡು, ಅಲ್ಲಿ ಸಿಕ್ಕಿದ 'ರಿಪೇರಿ' ತಂತ್ರಾಂಶವನ್ನೂ ಹಾಕಿದಳು. ಮರುದಿನ ಒಂದು ಫೈಲೂ ತೆರೆಯಲಿಲ್ಲ. ಆರು ಮನೆಗಳ ಕಾರ್ಡುಗಳು ವೈರಸ್‌ಗೆ ಬಲಿಯಾಗಿದ್ದವು. "ಹುಡುಗಿಯರಿಗೆ ಇದೆಲ್ಲ ಯಾಕೆ? ಮಾರಿಬಿಡಿ" ಎಂದರು ಮನೆಯ ಹಿರಿಯರೊಬ್ಬರು. ಅವಳು ಅತ್ತದ್ದು ಕಾರ್ಡು ಹೋದದ್ದಕ್ಕಲ್ಲ, ಈ ಮಾತಿಗೆ.

ಹಾಗಾದರೆ ಈ ಡಿಎಲ್‌ಎಲ್ ಎಂದರೇನು?

ನಮ್ಮ ಮೊಹಲ್ಲಾಗಳ ರೂಢಿಯನ್ನು ನೆನಪಿಸಿಕೊಳ್ಳಿ. ಬಿರಿಯಾನಿಯ ದೊಡ್ಡ ದೇಗನ್ನು ಪ್ರತಿ ಮನೆಯವರೂ ಕೊಂಡಿಡುವುದಿಲ್ಲ. ಜಮಾಅತ್‌ನ ದೇಗುಗಳು ಒಂದೆಡೆ ಇರುತ್ತವೆ. ಯಾರ ಮನೆಯಲ್ಲಿ ಮದುವೆಯೋ ಅವರು ತಂದು ಬಳಸುತ್ತಾರೆ. ಕಂಪ್ಯೂಟರಿನಲ್ಲೂ ಹೀಗೆಯೇ. ಅಕ್ಷರ ಮೂಡಿಸುವುದು, ಮುದ್ರಿಸುವುದು, ಫೈಲು ತೆರೆಯುವುದು ಎಲ್ಲ ತಂತ್ರಾಂಶಗಳಿಗೂ ಬೇಕಾದ ಕೆಲಸಗಳು. ಅದಕ್ಕೆ ಬೇಕಾದ ಸಾಮಾನುಗಳನ್ನು ಪ್ರತ್ಯೇಕ ಫೈಲುಗಳಲ್ಲಿಟ್ಟು ಎಲ್ಲ ತಂತ್ರಾಂಶಗಳೂ ಹಂಚಿಕೊಳ್ಳುತ್ತವೆ. ವಿಂಡೋಸ್‌ನಲ್ಲಿ ಇವಕ್ಕೆ ಡೈನಾಮಿಕ್ ಲಿಂಕ್ ಲೈಬ್ರರಿ, ಚುಟುಕಾಗಿ ಡಿಎಲ್‌ಎಲ್ ಎನ್ನುತ್ತಾರೆ. ಹೆಚ್ಚಿನವು 'ಸಿಸ್ಟಮ್32' ಎಂಬ ಫೋಲ್ಡರಿನಲ್ಲಿರುತ್ತವೆ. ಇದರಿಂದ ಜಾಗ ಉಳಿಯುತ್ತದೆ. ಒಂದು ದೋಷವನ್ನು ಒಂದೆಡೆ ಸರಿಪಡಿಸಿದರೆ ಎಲ್ಲರಿಗೂ ಸರಿಯಾಗುತ್ತದೆ.

ಆದರೆ ಒಬ್ಬರು ದೇಗನ್ನು ಹಿಂದಿರುಗಿಸದಿದ್ದರೆ, ಅಥವಾ ಬದಲಿಗೆ ತೂತು ಬಿದ್ದದ್ದನ್ನು ಇಟ್ಟು ಹೋದರೆ? ಮುಂದಿನ ಮದುವೆ ಕೆಡುತ್ತದೆ. ಹಿಂದೆ ವಿಂಡೋಸ್‌ನಲ್ಲಿ ಇದೇ ಆಗುತ್ತಿತ್ತು. ಒಂದು ತಂತ್ರಾಂಶ ಬರುವಾಗ ತನ್ನ ಹಳೆಯ ಡಿಎಲ್‌ಎಲ್ ಅನ್ನು ಹೊಸದರ ಮೇಲೆ ಹೇರುತ್ತಿತ್ತು. ಹೋಗುವಾಗ ಬೇರೆಯವರಿಗೆ ಬೇಕಾದದ್ದನ್ನೂ ಅಳಿಸಿ ಹೋಗುತ್ತಿತ್ತು. ತಂತ್ರಜ್ಞರು ಇದನ್ನು ಡಿಎಲ್‌ಎಲ್ ನರಕ ಎಂದೇ ಕರೆದರು. 2000ದ ವಿಂಡೋಸ್‌ನಲ್ಲಿ ಮುಖ್ಯ ಫೈಲುಗಳಿಗೆ ಕಾವಲು ಬಂತು. 2001ರ ಎಕ್ಸ್‌ಪಿಯಲ್ಲಿ ಒಂದೇ ಡಿಎಲ್‌ಎಲ್‌ನ ಬೇರೆ ಬೇರೆ ಆವೃತ್ತಿಗಳನ್ನು ಪಕ್ಕಪಕ್ಕದಲ್ಲೇ ಇಡುವ ವ್ಯವಸ್ಥೆಯಾಯಿತು.

ಇನ್ನೊಂದು ಸ್ವಾರಸ್ಯ ಕೇಳಿ. ಯೂನಿಕೋಡ್‌ನಲ್ಲಿ 'ಕ್ತ' ಎಂದು ಬರೆದರೆ ಒಳಗೆ ಉಳಿಯುವುದು ಕ, ಹಲಂತ, ತ ಎಂಬ ಮೂರು ಸಂಕೇತಗಳು ಮಾತ್ರ. ಅವನ್ನು ಸೇರಿಸಿ ಒತ್ತಕ್ಷರ ಮೂಡಿಸುತ್ತಿದ್ದದ್ದು ಯುಎಸ್‌ಪಿ10.ಡಿಎಲ್‌ಎಲ್ ಎಂಬ ಹಂಚಿಕೆಯ ಫೈಲು. ಉರ್ದುವಿನ ಅಕ್ಷರಗಳನ್ನು ಒಂದಕ್ಕೊಂದು ಕೂಡಿಸಿ ಬಲದಿಂದ ಎಡಕ್ಕೆ ಬರೆಯಲು ನೆರವಾಗುತ್ತಿದ್ದದ್ದೂ ಅದೇ. ಎಕ್ಸ್‌ಪಿಯಲ್ಲಿ ಎರಡೂ ಭಾಷೆಗಳಿಗೆ ಒಂದೇ ಚೌಕದಲ್ಲಿ ಗುರುತು ಹಾಕಬೇಕಿತ್ತು. ಹಾಕದಿದ್ದರೆ ಕನ್ನಡದ ಒತ್ತುಗಳೂ ಚದುರುತ್ತಿದ್ದವು, ಉರ್ದು ಅಕ್ಷರಗಳೂ ಬಿಡಿಬಿಡಿಯಾಗುತ್ತಿದ್ದವು. ಇಂದು ಆಂಡ್ರಾಯ್ಡ್ ಫೋನು, ಫೈರ್‌ಫಾಕ್ಸ್, ಲಿಬ್ರೆ ಆಫೀಸ್‌ಗಳಲ್ಲಿ ಈ ಕೆಲಸ ಮಾಡುವ ಉಚಿತ ಲೈಬ್ರರಿಯ ಹೆಸರು ಹಾರ್ಫ್‌ಬಝ್. ಇದು ಫಾರ್ಸಿಯ ಹೆಸರು. ಹರ್ಫ್ ಎಂದರೆ ಅಕ್ಷರ, ಬಾಝ್ ಎಂದರೆ ತೆರೆದದ್ದು. ನಮ್ಮ ಮನೆಗಳ ಎರಡು ಲಿಪಿಗಳೂ ಒಂದೇ ದೇಗಿನಲ್ಲಿ ಬೇಯುತ್ತಿವೆ!

ಡಿಎಲ್‌ಎಲ್ ಇಲ್ಲವೆಂಬ ಸಂದೇಶ ನಿಮಗೂ ಬಂದರೆ ಗಾಬರಿಯಾಗಬೇಡಿ. ಸಂದೇಶವನ್ನು ಕೊನೆಯವರೆಗೆ ಓದಿ. ತಂತ್ರಾಂಶವನ್ನು ಮತ್ತೆ ಸ್ಥಾಪಿಸಿ ಎಂದು ಸಾಮಾನ್ಯವಾಗಿ ಅದೇ ಹೇಳುತ್ತದೆ. ಮೊದಲು ಅದನ್ನೇ ಮಾಡಿ. ಹೆಸರು ಎಂಎಸ್‌ವಿಸಿಪಿ ಅಥವಾ ವಿಸಿರನ್‌ಟೈಮ್ ಎಂದಿದ್ದರೆ ಮೈಕ್ರೋಸಾಫ್ಟ್‌ನ ಸ್ವಂತ ತಾಣದಲ್ಲಿ 'ವಿಷುವಲ್ ಸಿ ಪ್ಲಸ್ ಪ್ಲಸ್ ರೀಡಿಸ್ಟ್ರಿಬ್ಯೂಟಬಲ್' ಉಚಿತವಾಗಿ ಸಿಗುತ್ತದೆ. ವಿಂಡೋಸ್‌ನದೇ ಫೈಲು ಕೆಟ್ಟಿದ್ದರೆ, ಆಡಳಿತಾಧಿಕಾರದೊಂದಿಗೆ ತೆರೆದ ಕಮಾಂಡ್ ಪ್ರಾಂಪ್ಟ್‌ನಲ್ಲಿ ಕೊಡುವ 'ಎಸ್‌ಎಫ್‌ಸಿ ಸ್ಕ್ಯಾನ್‌ನೌ' ಎಂಬ ಆದೇಶವು ಪರೀಕ್ಷಿಸಿ ಸರಿಪಡಿಸಲು ಯತ್ನಿಸುತ್ತದೆ. ಬಿಡಿ ಡಿಎಲ್‌ಎಲ್ ಹಂಚುವ ತಾಣಗಳ ಗೊಡವೆಗೆ ಹೋಗಬೇಡಿ. ಅಪರಿಚಿತರು ಕೊಟ್ಟ ಮಸಾಲೆಯನ್ನು ಮದುವೆಯ ಅಡುಗೆಗೆ ಸುರಿಯುತ್ತೇವೆಯೇ? ಕದ್ದ ತಂತ್ರಾಂಶಗಳಿಂದಲೂ ದೂರವಿರಿ. ಅದು ಇನ್ನೊಬ್ಬರ ದುಡಿಮೆಯ ಹಕ್ಕನ್ನು ಕಸಿಯುವುದು. ಮೇಲಾಗಿ ಆ ದಾರಿಯಿಂದಲೂ ವೈರಸ್‌ಗಳು ಬರುತ್ತವೆ. ಮಾಡಿದ ಕೆಲಸದ ಇನ್ನೊಂದು ಪ್ರತಿಯನ್ನು ಪೆನ್‌ಡ್ರೈವಿನಲ್ಲಿಟ್ಟು, ಅದನ್ನು ಕಂಪ್ಯೂಟರಿನಿಂದ ಬಿಚ್ಚಿಡಿ.

ನಮ್ಮ ಹುಡುಗಿಯ ಕಂಪ್ಯೂಟರನ್ನು ಮಾರಲಿಲ್ಲ. ಅವಳ ಅಬ್ಬಾ ಅದನ್ನು ಅಂಗಡಿಗೆ ಒಯ್ದು ಎಲ್ಲವನ್ನೂ ಹೊಸದಾಗಿ ಹಾಕಿಸಿದರು. ಆರೂ ಕಾರ್ಡುಗಳನ್ನು ಅವಳು ಮತ್ತೆ ಟೈಪು ಮಾಡಿದಳು, ತಾಯಿ ಪಕ್ಕದಲ್ಲಿ ಕುಳಿತು ಉರ್ದುವನ್ನು ಓದಿ ತಿದ್ದಿದರು. ಅಲ್‌ಹಮ್ದುಲಿಲ್ಲಾಹ್, ಕಾರ್ಡುಗಳು ಮದುವೆಗೆ ಮೊದಲೇ ಬೀಗರ ಕೈ ಸೇರಿದವು.

ಸಹೋದರಿಯರೇ, ಅಡುಗೆ ಕಲಿಯುವಾಗ ಅನ್ನ ಸೀದಿತೆಂದು ನಾವು ಯಾರ ಕೈಯಿಂದಲೂ ಸೌಟು ಕಿತ್ತುಕೊಂಡವರಲ್ಲ. ಹಾಗಿರುವಾಗ ಒಂದು ತಪ್ಪಿಗಾಗಿ ಮಗಳ ಕೈಯಿಂದ ಕಂಪ್ಯೂಟರನ್ನು ಏಕೆ ಕಿತ್ತುಕೊಳ್ಳಬೇಕು? ಎಲ್ಲರೂ ಬಳಸುವ ವಸ್ತು ಅಮಾನತ್. ಅದನ್ನು ಜೋಪಾನವಾಗಿ ಬಳಸುವುದನ್ನು ಕಲಿಸೋಣ.