ಉಪ್ಪು ಕರೆದರೆ ನೀರು ಬರುತ್ತದೆ

ಕಳೆದ ಸಂಚಿಕೆಯಲ್ಲಿ ಹಾಲು ಹೆಪ್ಪಾಗುವ ಬಗೆಯನ್ನು ಕುರಿತು ನಾವು ಬರೆದುದು ವಾಚಕರ ನೆನಪಿನಲ್ಲಿರಬಹುದು. ಮೊಸರಿನಿಂದ ಹೊರಟು ಉಪ್ಪಿನಕಾಯಿಗೆ ಬರುವುದು ಪಂಕ್ತಿಯ ಕ್ರಮಕ್ಕೆ ವಿರುದ್ಧವೇ ಸರಿ. ಎಲೆಯ ತುದಿಗೆ ಮೊದಲು ಬೀಳಬೇಕಾದುದು ಉಪ್ಪು, ಅದರ ಪಕ್ಕಕ್ಕೆ ಉಪ್ಪಿನಕಾಯಿ. ಆದರೂ ಈ ಸಲ ನಾವು ಹೇಳಬೇಕಾದ ಮಾತು ಉಪ್ಪಿನಕಾಯಿಯ ಭರಣಿಯಿಂದಲೇ ಹೊರಡಬೇಕಾಗಿದೆ. ಅದು ಹೋಗಿ ಮುಟ್ಟುವುದು ಮಾತ್ರ ಒಂದು ಮಗುವಿನ ಹಾಸಿಗೆಯ ಬಳಿಗೆ.

ನಮ್ಮ ತಾಯಿಯವರು ವರ್ಷಕ್ಕೊಮ್ಮೆ ಸಾಗರದ ಕಡೆಯಿಂದ ಪುಣೆಗೆ ಬರುವಾಗ, ತಮ್ಮ ಬಟ್ಟೆಯ ಗಂಟಿಗಿಂತ ದೊಡ್ಡದಾದ ಮಾವಿನ ಮಿಡಿಯ ಚೀಲವನ್ನು ತರುವುದು ವಾಡಿಕೆ. ಬಂದ ದಿನವೇ ಮಿಡಿಗಳನ್ನು ತೊಳೆದು, ಪಂಚೆಯ ಮೇಲೆ ಹರವಿ, ಒಂದಿಷ್ಟೂ ಪಸೆ ಉಳಿಯದಂತೆ ಒರೆಸಿ, ಭರಣಿಯಲ್ಲಿ ಒಂದು ಹಾಸು ಮಿಡಿ, ಒಂದು ಹಾಸು ಹರಳುಪ್ಪು ಹೀಗೆ ತುಂಬಿ, ಬಾಯಿಗೆ ಬಟ್ಟೆ ಕಟ್ಟಿಡುತ್ತಾರೆ. ಕೆಲವು ದಿನ ಕಳೆದು ಬಟ್ಟೆ ಬಿಚ್ಚಿ ನೋಡಿದರೆ ಮಿಡಿಗಳು ಚಿರುಟಿಕೊಂಡಿರುತ್ತವೆ. ಭರಣಿಯ ತುಂಬ ನೀರು ನಿಂತಿರುತ್ತದೆ.

“ಅಜ್ಜಿ, ಇದಕ್ಕೆ ನೀರು ಹಾಕಿದ್ದು ಯಾರು?” ಎಂದು ನಮ್ಮ ಹಿರಿಯ ಮಗ ಒಮ್ಮೆ ಕೇಳಿದ.

“ಯಾರೂ ಹಾಕಲಿಲ್ಲ ಮಗಾ. ಉಪ್ಪು ಕರೀತು, ನೀರು ಬಂತು.”

ಈ ಉತ್ತರವನ್ನು ಕೇಳಿ ನಾವು ನಕ್ಕೆವು. ಆಮೇಲೆ ಯೋಚಿಸಿ ನೋಡಿದಾಗ, ಒಂದು ಪಾಠದಷ್ಟು ಸಂಗತಿ ಆ ಒಂದೇ ಮಾತಿನಲ್ಲಿ ಅಡಗಿದೆಯೆಂದು ತಿಳಿಯಿತು.

ಮಿಡಿಯಾಗಲಿ, ಮನುಷ್ಯನಾಗಲಿ, ಜೀವವುಳ್ಳದ್ದೆಲ್ಲ ಜೀವಕೋಶಗಳಿಂದ ಕಟ್ಟಿದ ಮನೆ. ಪ್ರತಿಯೊಂದು ಕೋಶಕ್ಕೂ ಸುತ್ತ ಒಂದು ಪೊರೆಯುಂಟು. ಅದು ಎಷ್ಟು ತೆಳುವೆಂದರೆ, ಹತ್ತು ಸಾವಿರ ಪೊರೆಗಳನ್ನು ಒಂದರ ಮೇಲೊಂದು ಪೇರಿಸಿದರೂ ನೀವು ಓದುತ್ತಿರುವ ಇಂಥದೊಂದು ಕಾಗದದ ದಪ್ಪ ಬಾರದು. ಜಿಡ್ಡಿನ ಎರಡು ಪದರಗಳಿಂದಾದ ಈ ಪೊರೆ ಗೋಡೆಯೂ ಹೌದು, ಜರಡಿಯೂ ಹೌದು. ಆಮ್ಲಜನಕದಂಥ ಸಣ್ಣ ಕಣಗಳು ಇದರ ಮೂಲಕ ತಡೆಯಿಲ್ಲದೆ ನುಸುಳುತ್ತವೆ. ಉಪ್ಪು, ಸಕ್ಕರೆಗಳಿಗೆ ಹಾಗೆ ನುಸುಳಲಾಗದು; ಅವುಗಳಿಗೆಂದೇ ಇರುವ ಬಾಗಿಲುಗಳಿಂದ ಮಾತ್ರ ಪ್ರವೇಶ.

ಈ ಪೊರೆಯನ್ನು ದಾಟುವ ವಸ್ತುಗಳಲ್ಲಿ ಕೆಲವನ್ನು ಕೋಶವು ತನ್ನ ಶಕ್ತಿ ವ್ಯಯಿಸಿ ಎಳೆದುಕೊಳ್ಳುತ್ತದೆ, ಇಲ್ಲವೆ ಹೊರದೂಡುತ್ತದೆ. ಮತ್ತೆ ಕೆಲವು, ಕೋಶದ ಬೊಕ್ಕಸದಿಂದ ಒಂದು ಕಾಸೂ ಖರ್ಚಾಗದೆ, ತಾವಾಗಿಯೇ ದಾಟುತ್ತವೆ. ನಮ್ಮ ಇಂದಿನ ವಿಷಯ ಈ ಎರಡನೆಯ ಬಗೆಯದು.

ತಾವಾಗಿ ದಾಟುವುದೆಂದರೇನು? ಮಬ್ಬುಗತ್ತಲೆಯ ಎರಡು ಕೋಣೆಗಳು, ನಡುವೆ ತೆರೆದ ಬಾಗಿಲು ಇವೆಯೆಂದು ಭಾವಿಸಿರಿ. ಒಂದರಲ್ಲಿ ಕಣ್ಣು ಕಟ್ಟಿದ ಐವತ್ತು ಮಕ್ಕಳು, ಇನ್ನೊಂದರಲ್ಲಿ ಐದೇ ಮಂದಿ. ಯಾರಿಗೂ ಎಲ್ಲಿಗೆ ಹೋಗಬೇಕೆಂಬ ಗುರಿಯಿಲ್ಲ; ಸುಮ್ಮನೆ ತಡವರಿಸಿಕೊಂಡು ಸುತ್ತುತ್ತಾರೆ. ಸ್ವಲ್ಪ ಹೊತ್ತಿನಲ್ಲಿ ಎರಡು ಕೋಣೆಗಳಲ್ಲಿಯೂ ಮಕ್ಕಳ ಸಂಖ್ಯೆ ಹೆಚ್ಚುಕಡಮೆ ಸಮವಾಗುತ್ತದೆ. ಐವತ್ತು ಮಂದಿಯಿದ್ದ ಕಡೆಯಿಂದ ಬಾಗಿಲಿಗೆ ಎಡವುವವರು ಹೆಚ್ಚು ಎಂಬುದಷ್ಟೇ ಇದಕ್ಕೆ ಕಾರಣ. ನಮ್ಮ ಅಡುಗೆಮನೆಯ ಇಂಗಿನ ಒಗ್ಗರಣೆಯ ಸುದ್ದಿ ಪಕ್ಕದ ಮರಾಠಿ ನೆರೆಯವರಿಗೆ ಮುಟ್ಟುವುದರಲ್ಲಿಯೂ ಗಾಳಿಯ ಜೊತೆಗೆ ಈ ಅಲೆದಾಟದ ಪಾಲುಂಟು. ದಟ್ಟಣೆಯಿಂದ ವಿರಳತೆಯ ಕಡೆಗೆ ನಡೆಯುವ ಈ ಹರಡುವಿಕೆಗೆ ಶಾಸ್ತ್ರಜ್ಞರು ವಿಸರಣೆ ಎನ್ನುತ್ತಾರೆ. ನಾವು ಎಳೆದುಕೊಂಡ ಉಸಿರಿನ ಆಮ್ಲಜನಕ ಶ್ವಾಸಕೋಶದಿಂದ ರಕ್ತಕ್ಕೆ ಇಳಿಯುವುದೂ, ರಕ್ತದ ಇಂಗಾಲಾಮ್ಲ ಹೊರಗೆ ಬರುವುದೂ ಹೀಗೆಯೇ.

ಈಗ ಆ ಬಾಗಿಲಿಗೆ ಒಂದು ಜರಡಿ ಹಾಕೋಣ. ನೀರು ಅದನ್ನು ದಾಟಬಲ್ಲುದು, ಉಪ್ಪು ದಾಟಲಾರದು. ಒಂದು ಕಡೆ ಬರಿಯ ನೀರು, ಇನ್ನೊಂದು ಕಡೆ ಉಪ್ಪುನೀರು. ಉಪ್ಪಿರುವ ಕಡೆ ನೀರಿನ ಜಾಗವನ್ನು ಉಪ್ಪೂ ಹಂಚಿಕೊಂಡಿದೆ; ಆದುದರಿಂದ ನೀರು ದಟ್ಟವಾಗಿರುವುದು ಉಪ್ಪಿಲ್ಲದ ಕಡೆಗೆ. ಉಪ್ಪು ಈಚೆಗೆ ಬರುವಂತಿಲ್ಲವಾದ್ದರಿಂದ, ನೀರೇ ಆಚೆಗೆ ಹೋಗುತ್ತದೆ. ಇದಕ್ಕೆ ನಮ್ಮ ಪಠ್ಯಪುಸ್ತಕಗಳಲ್ಲಿ ಅಭಿಸರಣೆ ಎಂಬ ಹೆಸರಿದೆ. ಈ ಪದವನ್ನು ಟಂಕಿಸಿದ ಪುಣ್ಯಾತ್ಮರು ರಸಿಕರಿದ್ದಿರಬೇಕು. ಸಂಕೇತಸ್ಥಳಕ್ಕೆ ನಲ್ಲನನ್ನು ಅರಸಿ ತಾನೇ ಹೊರಟವಳು ಅಭಿಸಾರಿಕೆಯಲ್ಲವೆ? ಉಪ್ಪು ಕದಲುವುದಿಲ್ಲ, ನೀರೇ ಅಭಿಸಾರಿಕೆ.

1748ರಲ್ಲಿ ಫ್ರಾನ್ಸಿನ ನೊಲೆ ಎಂಬ ಪಾದ್ರಿ ಇದನ್ನು ಮೊದಲು ಪ್ರಯೋಗದಲ್ಲಿ ಕಂಡನು. ಮದ್ಯಸಾರ ತುಂಬಿದ ಪಾತ್ರೆಯ ಬಾಯಿಗೆ ಹಂದಿಯ ಮೂತ್ರಕೋಶದ ಪೊರೆಯನ್ನು ಬಿಗಿದು ನೀರಿನಲ್ಲಿ ಮುಳುಗಿಸಿಟ್ಟಾಗ, ನೀರು ಒಳನುಗ್ಗಿ ಪೊರೆ ಉಬ್ಬಿತು. ಜಿಡ್ಡಿನ ಪೊರೆಯನ್ನು ನೀರು ಇಷ್ಟು ವೇಗವಾಗಿ ಹೇಗೆ ದಾಟುತ್ತದೆಂಬ ಪ್ರಶ್ನೆ ಮಾತ್ರ ಬಹುಕಾಲ ಉಳಿದಿತ್ತು. ಪೊರೆಯಲ್ಲಿ ನೀರಿಗೆಂದೇ ಸೂಕ್ಷ್ಮವಾದ ನಾಳಗಳಿವೆಯೆಂದು 1992ರಲ್ಲಿ ಅಮೆರಿಕದ ಪೀಟರ್ ಆಗ್ರೆ ಮತ್ತು ಸಂಗಡಿಗರು ತೋರಿಸಿದರು. 2003ರಲ್ಲಿ ಆಗ್ರೆಯವರಿಗೆ ನೊಬೆಲ್ ಪಾರಿತೋಷಕದಲ್ಲಿ ಪಾಲು ದೊರೆಯಿತು. ಇಂಥ ಒಂದು ನಾಳದಲ್ಲಿ ಸೆಕೆಂಡಿಗೆ ಸುಮಾರು 300 ಕೋಟಿ ನೀರಿನ ಕಣಗಳು ಹಾಯುತ್ತವೆಂದು ಲೆಕ್ಕ.

ನಮ್ಮ ಗೃಹಿಣಿಯರಿಗೆ ಈ ವಿದ್ಯೆ ನೊಲೆಯ ಕಾಲಕ್ಕಿಂತ ಮುಂಚಿನಿಂದಲೂ ಕರಗತ. ಸೌತೆಕಾಯಿಯ ಕೋಸಂಬರಿಗೆ ಬಡಿಸುವ ಮುನ್ನವೇ ಉಪ್ಪು ಹಾಕಬೇಕು. ಬೇಗನೆ ಹಾಕಿದರೆ ನೀರೊಡೆಯುತ್ತದೆ. ಹಾಗಲಕಾಯಿಗೆ ಉಪ್ಪು ಸವರಿಟ್ಟರೆ ನೀರಿನೊಡನೆ ಕಹಿಯೂ ಒಂದಿಷ್ಟು ಇಳಿಯುತ್ತದೆ. ಒಣದ್ರಾಕ್ಷಿಯನ್ನು ನೀರಿನಲ್ಲಿ ನೆನೆಯಿಟ್ಟರೆ ಅದರದು ತಿರುಗುಮುರುಗು ಕಥೆ: ಸಕ್ಕರೆ ಒಳಗಿರುವುದರಿಂದ ನೀರು ಒಳಕ್ಕೆ ಹೋಗಿ ಹಣ್ಣು ಉಬ್ಬುತ್ತದೆ. ಉಪ್ಪಿನಕಾಯಿ ಕೆಡದಿರುವುದೂ ಇದರಿಂದಲೇ. ಭರಣಿಗೆ ಬಿದ್ದ ಕ್ರಿಮಿಯ ಮೈಯ ನೀರನ್ನೂ ಉಪ್ಪು ಹೊರಕ್ಕೆ ಸೆಳೆದುಬಿಡುತ್ತದೆ.

ಇಷ್ಟೆಲ್ಲ ಬಲ್ಲ ಮನೆಯಲ್ಲಿಯೇ ನಡೆದ ಒಂದು ಪ್ರಮಾದವನ್ನು ಈಗ ಹೇಳಬೇಕು. ಹೇಳಲು ನಮಗೆ ನಾಚಿಕೆಯಿದೆ. ಆದರೂ ಹೇಳುವುದೇ ಮೇಲು.

ಹೋದ ಬೇಸಗೆಯಲ್ಲಿ ನಮ್ಮ ಮೂರು ವರ್ಷದ ಮಗಳಿಗೆ ಭೇದಿ ಹತ್ತಿತು. ನಾವು ಕಚೇರಿಯಿಂದ ಬರುವಾಗ ಔಷಧದಂಗಡಿಯಲ್ಲಿ ಓ.ಆರ್.ಎಸ್. ಪೊಟ್ಟಣಗಳನ್ನು ಕೊಂಡು ತಂದು ತಾಯಿಯವರ ಕೈಗಿತ್ತೆವು. ಹೇಗೆ ಕದಡಬೇಕೆಂದು ಅವರು ಕೇಳಿದಾಗ, “ನೀರಿಗೆ ಹಾಕಿ ಕುಡಿಸಮ್ಮ” ಎಂದಷ್ಟೇ ಹೇಳಿ ಕೈಕಾಲು ತೊಳೆಯಲು ಹೋದೆವು. ಪೊಟ್ಟಣದ ಮೇಲಿನ ಸೂಚನೆ ಇಂಗ್ಲಿಷ್, ಹಿಂದಿಗಳಲ್ಲಿತ್ತು. ತಾಯಿಯವರು ಓದಬಲ್ಲುದು ಕನ್ನಡವೊಂದೇ. ಅವರು ಇಡೀ ಪೊಟ್ಟಣವನ್ನು ಒಂದು ಲೋಟ ನೀರಿಗೆ ಸುರಿದರು. ಕಷಾಯ ಗಟ್ಟಿಯಾದಷ್ಟೂ ಗುಣ ಹೆಚ್ಚೆಂಬುದು ಅವರ ಅನುಭವ. ಕಡತದ ಟಿಪ್ಪಣಿಯಲ್ಲಿ ಒಂದು ಅಲ್ಪವಿರಾಮ ತಪ್ಪಿದರೂ ತಿದ್ದುವ ನಾವು, ಅಂಗೈಯಗಲದ ಆ ಪೊಟ್ಟಣವನ್ನು ಓದಿ ಹೇಳಲಿಲ್ಲ.

ಮಗು ಎರಡು ಲೋಟ ಕುಡಿಯಿತು. ರಾತ್ರಿಯ ಹೊತ್ತಿಗೆ ಭೇದಿ ಹೆಚ್ಚಿತು. ಕಣ್ಣು ಗುಳಿಬಿದ್ದು, ಅಳುವುದಕ್ಕೂ ತ್ರಾಣವಿಲ್ಲದೆ ಮಲಗಿತು. ಹತ್ತಿರದ ಆಸ್ಪತ್ರೆಗೆ ಎತ್ತಿಕೊಂಡು ಓಡಿದೆವು. ಏನು ಕುಡಿಸಿದಿರಿ, ಎಷ್ಟು ನೀರಿಗೆ ಎಂದು ವೈದ್ಯರು ಮೊದಲು ಕೇಳಿದರು. ನಮ್ಮ ಮನೆಯಾಕೆ ಉತ್ತರ ಹೇಳಿದಳು. ವೈದ್ಯರು ತಲೆಯೆತ್ತಿ ನಮ್ಮನ್ನೇ ನೋಡಿದರು. ಎರಡು ದಿನ ಆಸ್ಪತ್ರೆಯಲ್ಲಿದ್ದು ಮಗು ಚೇತರಿಸಿಕೊಂಡಿತು. ಆ ಮೊದಲ ರಾತ್ರಿಯನ್ನು ಕುರಿತು ಹೆಚ್ಚು ಬರೆಯಲಾರೆವು.

ನಡೆದುದು ಇಷ್ಟೇ. ಒಂದು ಲೀಟರಿಗೆ ಎಂದು ತಯಾರಾದ ಪೊಟ್ಟಣವನ್ನು ಸರಿಯಾಗಿ ಒಂದು ಲೀಟರಿನಲ್ಲಿ ಕದಡಿದರೆ, ಆ ನೀರು ನಮ್ಮ ರಕ್ತಕ್ಕಿಂತ ತುಸು ತೆಳುವಾಗಿರುತ್ತದೆ. ಆದುದರಿಂದ ನೀರು ಕರುಳಿನಿಂದ ಮೈಗೆ ಇಳಿಯುತ್ತದೆ. ಅದನ್ನೇ ಒಂದು ಲೋಟದಲ್ಲಿ ಕದಡಿದರೆ ರಕ್ತಕ್ಕಿಂತ ನಾಲ್ಕು ಪಾಲು ಗಟ್ಟಿ. ಆಗ ನೀರು ಮೈಯಿಂದ ಕರುಳಿಗೆ ಬಂದು, ಭೇದಿಯಾಗಿ ಹೊರಟುಹೋಗುತ್ತದೆ. ಜೊತೆಗೆ ರಕ್ತದಲ್ಲಿ ಉಪ್ಪು ಏರಿ ಮಿದುಳಿಗೂ ಅಪಾಯ. ಆಸ್ಪತ್ರೆಯಿಂದ ಬಂದ ಮೇಲೆ ಇದನ್ನು ತಾಯಿಯವರಿಗೆ ಹೇಗೆ ತಿಳಿಸುವುದೆಂದು ನಾವು ತೊದಲುತ್ತಿದ್ದಾಗ, ಅವರೇ ಮೂಲೆಯ ಭರಣಿಯ ಕಡೆ ನೋಡಿ, “ಅಂದರೆ ಕೂಸಿನ ಹೊಟ್ಟೇಲಿ ಉಪ್ಪಿನಕಾಯಿ ಹಾಕಿದ ಹಾಗಾಯ್ತಲ್ಲೋ” ಎಂದರು. ಅವರಿಗೆ ಮತ್ತೇನನ್ನೂ ಹೇಳಬೇಕಾಗಲಿಲ್ಲ. ನೊಂದು ಎರಡು ದಿನ ಅವರು ಸರಿಯಾಗಿ ಉಣ್ಣಲಿಲ್ಲ. ತಪ್ಪು ನಮ್ಮದೆಂದು ಎಷ್ಟು ಹೇಳಿದರೂ ಕೇಳಲಿಲ್ಲ.

ಹಾಗಾದರೆ ಬರಿಯ ನೀರನ್ನೇ ಕುಡಿಸಿದರಾಗದೆ ಎಂದು ವಾಚಕರು ಕೇಳಬಹುದು. ಸಾಲದು. ಭೇದಿಯಲ್ಲಿ ನೀರಿನೊಡನೆ ಉಪ್ಪೂ ಹೋಗಿರುತ್ತದೆ. ಕರುಳು ನೀರನ್ನು ಹಿಡಿಯಬೇಕಾದರೆ ಉಪ್ಪು ಮೊದಲು ಒಳಹೋಗಬೇಕು. ಕರುಳಿನ ಕೋಶಗಳಲ್ಲಿ ಒಂದು ವಿಚಿತ್ರವಾದ ಬಾಗಿಲಿದೆ. ಉಪ್ಪಿನ ಸೋಡಿಯಮ್ಮೂ ಗ್ಲೂಕೋಸೂ ಜೊತೆಯಾಗಿ ಬಂದರೆ ಅದು ಎರಡನ್ನೂ ಒಳಕ್ಕೆ ಬಿಡುತ್ತದೆ. ಇದನ್ನು 1960ರಲ್ಲಿ ರಾಬರ್ಟ್ ಕ್ರೇನ್ ಸೂಚಿಸಿದರು. ಈ ಬಾಗಿಲು ನಡೆಯಬೇಕಾದರೆ ಕೋಶವು ಹಿಂಬದಿಯಿಂದ ಸೋಡಿಯಮ್ಮನ್ನು ಶಕ್ತಿ ಹಾಕಿ ಹೊರದೂಡುತ್ತಿರಬೇಕು. ಆದರೆ ಉಪ್ಪು ಒಳಗೆ ಹೋದ ಮೇಲೆ ನೀರನ್ನು ಯಾರೂ ಕರೆಯಬೇಕಿಲ್ಲ, ಅದು ಹಿಂಬಾಲಿಸುತ್ತದೆ. ಕಾಲರಾದಲ್ಲಿಯೂ ಈ ಬಾಗಿಲು ಕೆಡುವುದಿಲ್ಲ.

ಇದರ ಬೆಲೆ ಜಗತ್ತಿಗೆ ತಿಳಿದುದು ನಮ್ಮ ದೇಶದಲ್ಲಿಯೇ. 1971ರಲ್ಲಿ ಪೂರ್ವ ಬಂಗಾಳದಿಂದ ಬಂದ ನಿರಾಶ್ರಿತರಲ್ಲಿ ಕಾಲರಾ ಹಬ್ಬಿತು. ಗಡಿಯ ಬನಗಾಂವಿನಲ್ಲಿ ರೋಗಿಗಳು ಆಸ್ಪತ್ರೆಯ ನೆಲದ ಮೇಲೆಯೇ ಬಿದ್ದಿದ್ದರು. ನಾಳಕ್ಕೆ ಏರಿಸುವ ದ್ರವ ಮುಗಿಯುತ್ತ ಬಂದಿತ್ತು. ಆಗ ಡಾ. ದಿಲೀಪ್ ಮಹಾಲನಾಬಿಸ್ ಅವರು ಉಪ್ಪು, ಅಡುಗೆ ಸೋಡಾ, ಗ್ಲೂಕೋಸುಗಳನ್ನು ಅಳೆದು ಬೆರೆಸಿ, ಪೀಪಾಯಿಗಳಲ್ಲಿ ನೀರಿಗೆ ಕದಡಿಸಿ, ರೋಗಿಗಳ ಮನೆಯವರ ಕೈಯಿಂದಲೇ ಕುಡಿಸಿದರು. ನೂರಕ್ಕೆ ಸುಮಾರು 30ರಷ್ಟಿದ್ದ ಸಾವು 3.6ಕ್ಕೆ ಇಳಿಯಿತು. ತಾಯಂದಿರೂ ಅಜ್ಜಿಯರೂ ದಾದಿಯರಾದರು. ಮಹಾಲನಾಬಿಸ್ ಅವರು 2022ರಲ್ಲಿ ತೀರಿಕೊಂಡರು. ಮರುವರ್ಷ ಸರಕಾರ ಅವರಿಗೆ ಮರಣೋತ್ತರವಾಗಿ ಪದ್ಮವಿಭೂಷಣವನ್ನಿತ್ತಿತು. ಆ ಅಜ್ಜಿಯರಿಗೆ ಅಳತೆಯನ್ನು ಯಾರೋ ಕೂತು ಹೇಳಿಕೊಟ್ಟಿದ್ದರು. ನಮ್ಮ ಮನೆಯ ಅಜ್ಜಿಗೆ ನಾವು ಹೇಳಿಕೊಡಲಿಲ್ಲ.

ಆದುದರಿಂದ ಕೆಳಗಿನ ನಾಲ್ಕು ಮಾತುಗಳನ್ನು ಕತ್ತರಿಸಿ ಅಡುಗೆಮನೆಯ ಕಪಾಟಿನ ಒಳಬದಿಗೆ ಅಂಟಿಸಿರೆಂದು ಪ್ರಾರ್ಥನೆ. ಪರಸ್ಥಳದಲ್ಲಿರುವ ನಮ್ಮ ಅನೇಕರ ಮನೆಗಳಲ್ಲಿ ಮಕ್ಕಳನ್ನು ನೋಡಿಕೊಳ್ಳುವವರು ಕನ್ನಡವೊಂದನ್ನೇ ಓದಬಲ್ಲ ಹಿರಿಯರು.

ಒಂದು: ಪೊಟ್ಟಣ ಎಷ್ಟು ನೀರಿಗೆ ಎಂಬುದನ್ನು ಓದಿಸಿಕೊಳ್ಳಿರಿ. ದೊಡ್ಡದು, ಅಂದರೆ 20.5 ಗ್ರಾಮಿನದು, ಪೂರಾ ಒಂದು ಲೀಟರ್ ನೀರಿಗೆ. 200 ಮಿಲಿಲೀಟರಿನ ಸಣ್ಣ ಪೊಟ್ಟಣಗಳೂ ಉಂಟು. ಕುದಿಸಿ ಆರಿಸಿದ ನೀರಿರಲಿ. ಇಡೀ ಪೊಟ್ಟಣವನ್ನು ಒಮ್ಮೆಗೇ ಹಾಕಬೇಕು, ಬೇರೆ ಸಕ್ಕರೆ ಉಪ್ಪು ಸೇರಿಸಬಾರದು. ಕದಡಿದ್ದನ್ನು 24 ಗಂಟೆಗಳ ಮೇಲೆ ಇಡಬಾರದು.

ಎರಡು: ಪೊಟ್ಟಣ ಸಿಗದಿದ್ದರೆ ಒಂದು ಲೀಟರ್ ನೀರಿಗೆ ಸಣ್ಣ ಚಮಚದಲ್ಲಿ ತಲೆಮಟ್ಟ ಆರು ಚಮಚ ಸಕ್ಕರೆ, ಅರ್ಧ ಚಮಚ ಉಪ್ಪು. ಅಂಗಡಿಯ ಶೀಷೆಯ ಪಾನಕಗಳು ಇದಕ್ಕೆ ಬದಲಾಗಲಾರವು. ಅವುಗಳಲ್ಲಿ ಸಕ್ಕರೆ ಅತಿ, ಉಪ್ಪು ಅತ್ಯಲ್ಪ.

ಮೂರು: ಗುಟುಕು ಗುಟುಕಾಗಿ ಕುಡಿಸಿರಿ. ವಾಂತಿಯಾದರೆ ಹತ್ತು ನಿಮಿಷ ತಡೆದು ಮತ್ತೆ ನಿಧಾನವಾಗಿ ಆರಂಭಿಸಿರಿ. ಎದೆಹಾಲನ್ನೂ ಊಟವನ್ನೂ ನಿಲ್ಲಿಸಬೇಡಿರಿ.

ನಾಲ್ಕು: ಕಣ್ಣು ಗುಳಿಬಿದ್ದರೆ, ಮೂತ್ರ ನಿಂತರೆ, ಮಗು ಮಂಕಾದರೆ, ಕುಡಿಯದಿದ್ದರೆ, ಭೇದಿಯಲ್ಲಿ ರಕ್ತ ಕಂಡರೆ ಕೂಡಲೆ ವೈದ್ಯರ ಬಳಿಗೆ ಹೋಗಿರಿ.

ಈ ವರ್ಷವೂ ತಾಯಿಯವರು ಮಿಡಿಯ ಚೀಲದೊಡನೆ ಬಂದಿದ್ದಾರೆ. ಭರಣಿಯ ಪಕ್ಕದಲ್ಲಿ ಈಗ ಒಂದು ಲೀಟರಿನ ಗಾಜಿನ ಶೀಷೆ ನಿಂತಿದೆ; ಅದರ ಕತ್ತಿನ ಗೆರೆಗೆ ಅವರೇ ಕೆಂಪು ದಾರ ಕಟ್ಟಿದ್ದಾರೆ. ಅದರಲ್ಲಿ ಬೇರೇನನ್ನೂ ತುಂಬಲು ಯಾರಿಗೂ ಬಿಡುವುದಿಲ್ಲ.