ಮಗ್ಗದ ಸದ್ದನ್ನು ಮ್ಯೂಟ್ ಮಾಡಬೇಡಿ ಸ್ವಾಮೀ

"ಏನೂ ಆಗೋದೇ ಇಲ್ಲ ಕಣೋ, ಅದರ ಬದಲು ಅಪಾರ್ಟ್‌ಮೆಂಟಿನ ಸಿಸಿಟಿವಿ ನೋಡ್ಬಹುದು!" ನಿಧಾನದ ಸಿನಿಮಾ ಅಂದಕೂಡಲೇ ಬರುವ ಈ ಜೋಕು ಹಳಸಿ ನಾರುತ್ತಿದೆ. ಸಿಸಿಟಿವಿ ಎಲ್ಲವನ್ನೂ ನುಂಗುತ್ತೆ, ಯಾವುದನ್ನೂ ನೋಡೋದಿಲ್ಲ. ಬೆಲ್ಜಿಯಂನ ಶಾಂತಾಲ್ ಆಕರ್‌ಮನ್ 1975ರಲ್ಲಿ ತೆಗೆದ 'ಜಾನ್ ದೀಲ್ಮನ್' ನೋಡಿ. ವಿಧವೆಯೊಬ್ಬಳ ಮೂರು ದಿನ, ಮೂರು ಗಂಟೆ ಇಪ್ಪತ್ತು ನಿಮಿಷ, ಕದಲದ ಕ್ಯಾಮೆರಾ. ಎರಡನೇ ದಿನ ಆಲೂಗಡ್ಡೆ ಅತಿಯಾಗಿ ಬೆಂದುಹೋಗುತ್ತೆ. ಅಷ್ಟೇ! ಆದರೆ ಮೊದಲ ದಿನದ ಅಚ್ಚುಕಟ್ಟನ್ನು ಕೂತು ನೋಡಿದವರಿಗೆ ಎದೆ ಧಸಕ್ಕೆನ್ನುತ್ತೆ. 2022ರಲ್ಲಿ 'ಸೈಟ್ ಅಂಡ್ ಸೌಂಡ್' ಪತ್ರಿಕೆಯ ವಿಮರ್ಶಕರ ಮತದಾನದಲ್ಲಿ ಇದಕ್ಕೇ ಮೊದಲ ಸ್ಥಾನ. ಕನ್ನಡದಲ್ಲೂ ಅಭಿಲಾಷ್ ಶೆಟ್ಟಿಯವರ 'ಕೋಳಿ ತಾಳ್' (2021) ಇದೆ. ಮೊಮ್ಮಗ ಬಂದನೆಂದು ಕೋಳಿಸಾರಿಗೆ ಹೊರಟ ಅಜ್ಜ ಅಜ್ಜಿ, ಕಾಣೆಯಾದ ಹುಂಜ.. ಅಷ್ಟರಲ್ಲೇ ಒಂದು ಸಂಸಾರ ಕಾಣುತ್ತೆ.

ಸರಿ, ಬೈಯುವವರನ್ನು ಬಿಡಿ. ನನಗೆ ಸಿಟ್ಟು ಬರೋದು ಈ ಶೈಲಿಯನ್ನು ಮೆಚ್ಚಿ ನಕಲು ಮಾಡುವ ನಮ್ಮವರ ಮೇಲೆ. ವೀಕೆಂಡಿಗೆ ಬಾಡಿಗೆ ಕ್ಯಾಮೆರಾ ಹಿಡಿದು ದೊಡ್ಡಬಳ್ಳಾಪುರದ ಕಡೆ ಬರ್ತಾರೆ, ಹೆಂಚಿನ ಮನೆ ಹುಡುಕ್ತಾರೆ, ಕಿಟಕಿ ಪಕ್ಕ ಅಜ್ಜಿಯನ್ನು ಕೂರಿಸಿ ನಾಲ್ಕು ನಿಮಿಷ ಮೌನ. ಎಲ್ಲಿಂದ ಬಂತು ಮಾರಾಯರೇ ಈ ಮೌನ? ಆ ಊರಿನ ಎಷ್ಟೋ ಮನೆಗಳಲ್ಲಿ ಗೋಡೆಯಾಚೆಗೇ ವಿದ್ಯುತ್ ಮಗ್ಗ ಓಡುತ್ತಿರುತ್ತೆ. ಮಗು ಮಲಗೋದು, ಹುಡುಗರು ಪರೀಕ್ಷೆಗೆ ಓದೋದು, ಅನ್ನ ಬಸಿಯೋದು, ಎಲ್ಲ ಆ ಲಟಕಟ ಸದ್ದಿನಲ್ಲೇ. ಸದ್ದು ನಿಂತರೆ ಕರೆಂಟು ಹೋಗಿದೆ, ನೂಲು ಕಡಿದಿದೆ, ಇಲ್ಲಾ ಸೀರೆ ಕೇಳೋರಿಲ್ಲ. ನೇಯ್ದಷ್ಟಕ್ಕೇ ಕೂಲಿ ಸಿಗುವ ಮನೆಯಲ್ಲಿ ಮೌನ ಅಂದ್ರೆ ಆ ಹೊತ್ತಿನ ದುಡಿಮೆ ಖೋತಾ. ಅದನ್ನೇ ಇವರು ಎಡಿಟಿಂಗಿನಲ್ಲಿ 'ಹಳ್ಳಿಯ ನೆಮ್ಮದಿ' ಮಾಡಿಬಿಡ್ತಾರೆ, ಮೇಲೊಂದು ಕೊಳಲು ಬೇರೆ!

ಪಕ್ಕದ ದೇವನಹಳ್ಳಿಯ ಚನ್ನರಾಯಪಟ್ಟಣ ಹೋಬಳಿಯನ್ನೇ ತಗೊಳ್ಳಿ. 13 ಹಳ್ಳಿಗಳ 1,777 ಎಕರೆ ಭೂಸ್ವಾಧೀನದ ವಿರುದ್ಧ ರೈತರು 2022ರಿಂದ ಧರಣಿ ಕೂತರು. 2025ರ ಜುಲೈನಲ್ಲಿ ಸರ್ಕಾರ ಕೈಬಿಟ್ಟಿತು. ಟಿವಿಯಲ್ಲಿ ನಾನು ಕಂಡಿದ್ದು ಹಸಿರು ಶಾಲು, ಘೋಷಣೆ, ಪೊಲೀಸ್ ವ್ಯಾನು. ಅವರು ಉಳಿಸಿಕೊಳ್ಳಲು ಹೊರಟಿದ್ದು ಏನನ್ನು ಅಂತ ಆ ಎರಡು ನಿಮಿಷದ ಸುದ್ದಿಯಿಂದ ತಿಳಿಯೋದು ಹೇಗೆ? ನಸುಕಿಗೆದ್ದು ಹಾಲು ಕರೆದು ಡೈರಿಗೆ ಕಳಿಸಿ, ಒಲೆ ಮುಂದೆ ಕೂತು ಮುದ್ದೆ ತೊಳಸುವ ಹೆಂಗಸಿನ ಒಂದು ಪೂರ್ತಿ ಬೆಳಗು, ಕಟ್ ಇಲ್ಲದೆ.. ಕ್ಯಾಮೆರಾ ಕದಲದೆ ನಿಲ್ಲಬೇಕಾದ್ದು ಅಲ್ಲಿ. ವಿಮಾನ ತಲೆ ಮೇಲೆ ಹೋದರೆ ಅದರ ಸದ್ದೂ ಇರಲಿ, "ರೀಟೇಕ್" ಅನ್ನಬೇಡಿ.

ಅಂದಹಾಗೆ ದೊಡ್ಡಬಳ್ಳಾಪುರಕ್ಕೆ ಬರುವವರು ಮೈಕಿನ ಲೆವೆಲ್ ಮೊದಲೇ ತಗ್ಗಿಸಿಕೊಳ್ಳಿ, ಮಗ್ಗದ ಸದ್ದಿಗೆ ಒಡೆದುಹೋಗುತ್ತೆ :)