ರೆಕ್ಕೆ ತೆರುವ ಸುಂಕ

ವಿಮಾನ ಹೇಗೆ ಹಾರುತ್ತದೆ ಎಂಬ ಪ್ರಶ್ನೆಗೆ ನಮ್ಮ ಶಾಲೆಗಳಲ್ಲಿ ಬಹುಕಾಲದಿಂದ ಒಂದು ಸಿದ್ಧ ಉತ್ತರ ಚಲಾವಣೆಯಲ್ಲಿದೆ. ರೆಕ್ಕೆಯ ಮೇಲ್ಮೈ ಉಬ್ಬಿರುವುದರಿಂದ ಮೇಲಿನ ಗಾಳಿ ಹೆಚ್ಚು ದೂರ ಸಾಗಬೇಕು; ಕೆಳಗಿನ ಗಾಳಿಯೊಡನೆ ಏಕಕಾಲಕ್ಕೆ ಹಿಂದಿನ ಅಂಚನ್ನು ತಲುಪಲು ಅದು ವೇಗವಾಗಿ ಓಡುತ್ತದೆ; ಬರ್ನೂಲಿಯ ನಿಯಮದಂತೆ ಅಲ್ಲಿ ಒತ್ತಡ ಕುಗ್ಗಿ ರೆಕ್ಕೆ ಮೇಲೇರುತ್ತದೆ. ಇದು ಕಂಠಪಾಠಕ್ಕೆ ಸುಲಭ. ಬರ್ನೂಲಿಯ ನಿಯಮದಲ್ಲಿ ದೋಷವೂ ಇಲ್ಲ. ದೋಷವಿರುವುದು ‘ಏಕಕಾಲಕ್ಕೆ’ ಎಂಬ ಮಾತಿನಲ್ಲಿ. ಗಾಳಿಸುರಂಗದಲ್ಲಿ ಹೊಗೆ ಹಾಯಿಸಿ ನೋಡಿದರೆ ಮೇಲಿನ ಗಾಳಿ ಕೆಳಗಿನದಕ್ಕಿಂತ ಮೊದಲೇ ಹಿಂದಿನ ಅಂಚನ್ನು ದಾಟಿಬಿಡುತ್ತದೆ.

ಈ ವಿವರಣೆಯ ಮೇಲೆ ನನಗಿರುವ ಮುಖ್ಯ ಆಕ್ಷೇಪ ಇನ್ನೊಂದು. ಇದು ಮೇಲೆತ್ತುವ ಬಲವನ್ನು ಪುಕ್ಕಟೆಯಾಗಿ ದೊರೆಯುವ ವರದಂತೆ ತೋರಿಸುತ್ತದೆ. ಹೀಗೆ ಕಲಿತ ಮಗುವಿಗೆ ‘ಇದರ ಬೆಲೆ ಏನು?’ ಎಂದು ಕೇಳುವ ಆಸ್ಪದವೇ ಇರುವುದಿಲ್ಲ.

ನಿಜವಾಗಿ ನಡೆಯುವುದೇನು? ರೆಕ್ಕೆ ಗಾಳಿಯನ್ನು ಕೆಳಕ್ಕೆ ತಳ್ಳುತ್ತದೆ. ನ್ಯೂಟನ್ನನ ಮೂರನೆಯ ನಿಯಮದಂತೆ ಗಾಳಿ ರೆಕ್ಕೆಯನ್ನು ಮೇಲಕ್ಕೆ ತಳ್ಳುತ್ತದೆ. ಆಗ ರೆಕ್ಕೆಯ ಕೆಳಗೆ ಒತ್ತಡ ಹೆಚ್ಚು, ಮೇಲೆ ಕಡಿಮೆ. ರೆಕ್ಕೆಗೆ ತುದಿಯೊಂದು ಇದ್ದೇ ಇರುವುದರಿಂದ ಗಾಳಿ ಅದನ್ನು ಬಳಸಿ ಕೆಳಗಿನಿಂದ ಮೇಲಕ್ಕೆ ಹೊರಳುತ್ತದೆ. ಎರಡು ತುದಿಗಳ ಹಿಂದೆಯೂ ಸುಳಿಗಳು ಹುಟ್ಟುತ್ತವೆ. ಇವು ರೆಕ್ಕೆಯ ಬಳಿಯ ಗಾಳಿಯನ್ನು ಕೆಳಮುಖವಾಗಿ ಬಾಗಿಸುವುದರಿಂದ, ಮೇಲೆತ್ತುವ ಬಲ ನೆಟ್ಟಗೆ ನಿಲ್ಲದೆ ತುಸು ಹಿಂದಕ್ಕೆ ವಾಲುತ್ತದೆ. ಹಾಗೆ ಹಿಂದಕ್ಕೆಳೆಯುವ ಪಾಲಿಗೆ ‘ಪ್ರೇರಿತ ಎಳೆತ’ ಎಂದು ಹೆಸರು. ಸುಳಿಗಳಲ್ಲಿ ಕಳೆದುಹೋಗುವ ಶಕ್ತಿಯನ್ನು ಎಂಜಿನ್ನೇ ತುಂಬಿಕೊಡಬೇಕು.

ಇಂಗ್ಲೆಂಡಿನ ಲ್ಯಾಂಚೆಸ್ಟರ್ 1907ರ ತನ್ನ ಗ್ರಂಥದಲ್ಲಿ ಈ ಸುಳಿಗಳನ್ನು ವಿವರಿಸಿದನು. ಜರ್ಮನಿಯ ಗಟ್ಟಿಂಗೆನ್ನಿನಲ್ಲಿದ್ದ ಲುಡ್ವಿಗ್ ಪ್ರಾಂಟ್ಲ್ 1918–19ರಲ್ಲಿ ಅದಕ್ಕೆ ಗಣಿತದ ರೂಪ ಕೊಟ್ಟನು. ಆ ಲೆಕ್ಕದ ಫಲಿತಾಂಶ ಸ್ವಾರಸ್ಯಕರವಾಗಿದೆ. ಅದೇ ಭಾರ ಹೊತ್ತು, ಅದೇ ಎತ್ತರದಲ್ಲಿ, ವಿಮಾನದ ವೇಗ ಅರ್ಧವಾದರೆ ಈ ಎಳೆತ ನಾಲ್ಕು ಪಟ್ಟಾಗುತ್ತದೆ. ಮೆಲ್ಲಗೆ ಹೋದರೆ ಗಾಳಿಯ ತಡೆ ಕಡಿಮೆ ಎಂಬ ನಮ್ಮ ಸೈಕಲ್ ಸವಾರಿಯ ಅನುಭವಕ್ಕೆ ಇದು ತೀರ ವಿರುದ್ಧ! ವೇಗ ಬದಲಾಗದೆ ರೆಕ್ಕೆಯ ಉದ್ದ ಇಮ್ಮಡಿಯಾದರೆ ಎಳೆತ ಕಾಲು ಭಾಗಕ್ಕೆ ಇಳಿಯುತ್ತದೆ. ದಿನಗಟ್ಟಲೆ ಕಡಲ ಮೇಲೆ ತೇಲುವ ಆಲ್ಬಟ್ರಾಸ್ ಹಕ್ಕಿಯ ರೆಕ್ಕೆಗಳು ಮೂರು ಮೀಟರು ಮೀರಿ ಚಾಚಿಕೊಳ್ಳುವುದು ಸುಮ್ಮನೆ ಅಲ್ಲ.

ಹಾಗಾದರೆ ರೆಕ್ಕೆಯನ್ನು ಬೇಕಾದಷ್ಟು ಉದ್ದ ಮಾಡಬಾರದೇಕೆ? ಉದ್ದವಾದಷ್ಟೂ ಅದು ಬಾಗುತ್ತದೆ. ಗಟ್ಟಿ ಮಾಡಹೊರಟರೆ ತೂಕ ಏರುತ್ತದೆ. ನಿಲ್ದಾಣದ ಜಾಗಕ್ಕೂ ಮಿತಿಯುಂಟು. ಏರ್‌ಬಸ್ ಎ380 ವಿಮಾನದ ರೆಕ್ಕೆಯ ಅಗಲವನ್ನು 80 ಮೀಟರಿನ ಮಿತಿಯೊಳಗೆ, 79.75 ಮೀಟರಿಗೆ ನಿಲ್ಲಿಸಬೇಕಾಯಿತು. ನಾಸಾದ ರಿಚರ್ಡ್ ವಿಟ್‌ಕೂಂಬ್ 1976ರಲ್ಲಿ ಇದಕ್ಕೊಂದು ಜಾಣ ಉಪಾಯ ಮುಂದಿಟ್ಟನು. ರೆಕ್ಕೆಯ ತುದಿಯಲ್ಲಿ ನೆಟ್ಟಗೆ ನಿಲ್ಲುವ ಪುಟ್ಟ ರೆಕ್ಕೆ, ಅಂದರೆ ‘ವಿಂಗ್‌ಲೆಟ್’. ಇಂದಿನ ಬಹಳಷ್ಟು ವಿಮಾನಗಳಲ್ಲಿ ಇದರ ಒಂದಲ್ಲ ಒಂದು ರೂಪವನ್ನು ಕಾಣಬಹುದು. ಅದಕ್ಕೂ ಅದರದೇ ತೂಕವಿದೆ, ಗಾಳಿಯೊಡನೆ ಘರ್ಷಣೆಯಿದೆ. ಸುಂಕ ತಗ್ಗುತ್ತದೆಯೇ ಹೊರತು ಮನ್ನಾ ಆಗುವುದಿಲ್ಲ.

ಇಷ್ಟನ್ನೂ ಪ್ರೌಢಶಾಲೆಯಲ್ಲಿ ಬೋಧಿಸಲು ಸಾಧ್ಯವೇ ಎಂದು ಓದುಗರು ಕೇಳಬಹುದು. ಸೂತ್ರಗಳು ಬೇಡ, ಪ್ರಶ್ನೆಗಳು ಸಾಕು. ದೊಡ್ಡ ವಿಮಾನವೊಂದು ಇಳಿದೊಡನೆ ಸಣ್ಣ ವಿಮಾನ ಹಿಂದೆಯೇ ಇಳಿಯದೆ ಅಂತರ ಕಾಯುವುದೇಕೆ? ನಮ್ಮೂರ ಆಕಾಶದಲ್ಲಿ ಸುತ್ತುವ ಹದ್ದು ರೆಕ್ಕೆಯ ತುದಿಯ ಗರಿಗಳನ್ನು ಬೆರಳುಗಳಂತೆ ಬಿಡಿಸಿಕೊಳ್ಳುವುದೇಕೆ? ಸುಳಿಯ ವಿಷಯ ತಿಳಿದ ಮಗು ಎರಡಕ್ಕೂ ಉತ್ತರ ಹುಡುಕಬಲ್ಲದು. ‘ಏಕಕಾಲಕ್ಕೆ’ ಎಂಬ ಕಥೆ ಕೇಳಿದ ಮಗುವಿಗೆ ಪ್ರಶ್ನೆಯೇ ಹೊಳೆಯದು.

ಕೈ ಕೆಸರಾದರೆ ಬಾಯಿ ಮೊಸರು ಎಂದರು ಹಿರಿಯರು. ಪ್ರಕೃತಿಯೂ ಅದನ್ನೇ ಹೇಳುತ್ತದೆ. ಸುಲಭವೆಂಬ ಕಾರಣಕ್ಕೆ ತಪ್ಪನ್ನು ಕಲಿಸಿದರೆ, ಅದರ ಸುಂಕವನ್ನು ತೆರುವವರು ಮಕ್ಕಳು. ಇಂದು ತರಗತಿಯಲ್ಲಿ ನಿಂತಿರುವ ನನ್ನ ಕಿರಿಯ ಸಹೋದ್ಯೋಗಿಗಳು ಈ ಪಾಠವನ್ನೊಮ್ಮೆ ಹೊಸದಾಗಿ ತೆರೆದು ನೋಡಲಿ ಎಂಬುದು ನನ್ನ ವಿನಂತಿ.